25 ದಿನದ ರೇಡಿಯೇಷನ್ 15ಕ್ಕೆ, 5ಕ್ಕೆ ಹೇಗೆ ಇಳೀತು

ನಮ್ಮ ದೊಡ್ಡಮ್ಮಂಗೆ ಎದೆ ಗಡ್ಡೆ ಆಪರೇಷನ್ ಆಗಿ, ಕೀಮೋನೂ ಮುಗಿದು, ಇನ್ನೇನು ಊರಿಗೆ ಹೋಗ್ಬೋದು ಅಂದ್ಕೊಂಡಿದ್ದಾಗ ಡಾಕ್ಟ್ರು "ಇನ್ನು 15 ಸಿಟ್ಟಿಂಗ್ ರೇಡಿಯೇಷನ್ ಇದೆಯಮ್ಮ" ಅಂದ್ರು. ದೊಡ್ಡಮ್ಮ ನನ್ನ ಮುಖ ನೋಡಿ "ಕರೆಂಟ್ ಕೊಡ್ತಾರೇನಪ್ಪಾ?" ಅಂತ ಕೇಳಿದ್ರು. ನಮ್ಮ ಕಡೆ ಅದನ್ನ ಕರೆಂಟ್ ಕೊಡೋದು ಅಂತಾನೇ ಹೇಳೋದು. ಹೊರಗೆ ಬಂದ್ಮೇಲೆ ಶುರುವಾಯ್ತು ಅವರ ನಿಜವಾದ ಯೋಚನೆ. ಅವರ ಓರಗಿತ್ತಿಗೆ ಎಷ್ಟೋ ವರ್ಷದ ಹಿಂದೆ ಇದೇ ಕಾಯಿಲೆಗೆ 25 ದಿನ ಕೊಟ್ಟಿದ್ರಂತೆ, ಹಾಗಾದ್ರೆ ನನಗೆ ಯಾಕೆ 15? ಸರ್ಕಾರಿ ಕಾರ್ಡಲ್ಲಿ ಬಂದಿದೀವಿ ಅಂತ ಕಮ್ಮಿ ಮಾಡಿದ್ರಾ? ಇಲ್ಲಾ ಕೈ ಮೀರಿದೆ ಅಂತ ಸುಮ್ನೆ ಮುಗಿಸಿ ಕಳಿಸ್ತಿದಾರಾ?

ಆ ಪ್ರಶ್ನೆಗೆ ನನ್ನ ಹತ್ರ ಉತ್ತರ ಇರ್ಲಿಲ್ಲ. ಆ ಮೂರು ವಾರ ವೇಟಿಂಗ್ ಹಾಲಲ್ಲಿ ಕೂತು ಓದಿದೆ, ಅಲ್ಲಿ ರೇಡಿಯೇಷನ್ ಡೋಸ್ ಲೆಕ್ಕ ಹಾಕೋ ಮೆಡಿಕಲ್ ಫಿಸಿಸಿಸ್ಟ್ ಒಬ್ರನ್ನ ಸಂಜೆ ಹೊತ್ತು ಹಿಡ್ಕೊಂಡು ಕೇಳಿದೆ, ಆಮೇಲೂ ಓದೋದು ನಿಲ್ಲಿಸಿಲ್ಲ. ಗೊತ್ತಾಗಿದ್ದು ಏನಂದ್ರೆ, 25 ಅನ್ನೋ ನಂಬರ್ 15 ಆಗೋಕೆ, ಆ 15 ಈಗ ಕೆಲವರಿಗೆ 5 ಆಗೋಕೆ ಹಿಂದೆ ಸುಮಾರು ನೂರು ವರ್ಷದ ಸಂಶೋಧನೆ ಇದೆ, ಸಾವಿರಾರು ಹೆಂಗಸರು ಟ್ರಯಲ್‌ಗೆ ಸೇರಿ ವರ್ಷಗಟ್ಟಲೆ ಚೆಕಪ್‌ಗೆ ಬಂದು ಕೊಟ್ಟ ಮಾಹಿತಿ ಇದೆ. ರೇಡಿಯೇಷನ್ ರಿಸರ್ಚ್ ಅಂದ್ರೆ ಎಲ್ರೂ ಹೊಸ ಹೊಸ ಮೆಷಿನ್ ಬಗ್ಗೆ ಮಾತಾಡ್ತಾರೆ, ನನಗೆ ಮಾತ್ರ ಅದಕ್ಕಿಂತ ದೊಡ್ಡದು ಅನ್ನಿಸಿದ್ದು ಈ ದಿನದ ಲೆಕ್ಕ.

ಮೊದಲು ಈ ಕರೆಂಟ್ ಅನ್ನೋ ಪದದ ಬಗ್ಗೆ ಹೇಳ್ಬೇಕು, ಯಾಕಂದ್ರೆ ಅದ್ರಿಂದಾನೇ ಅರ್ಧ ಭಯ ಬರೋದು. ಮೈಗೆ ಕರೆಂಟ್ ಹರಿಸೋದಿಲ್ಲ, ಸುಡೋದೂ ಇಲ್ಲ. ಲಿನಾಕ್ ಅನ್ನೋ ಮೆಷಿನ್ ಒಳಗೆ ಎಲೆಕ್ಟ್ರಾನ್‌ಗಳನ್ನ ಭಾರಿ ಸ್ಪೀಡಲ್ಲಿ ಓಡಿಸಿ ಟಂಗ್‌ಸ್ಟನ್ ತುಂಡಿಗೆ ಹೊಡೆಸ್ತಾರೆ, ಅದ್ರಿಂದ ಹೊರಡೋದು ಎಕ್ಸ್-ರೇ, ಎದೆ ಎಕ್ಸ್-ರೇ ತೆಗೆಯೋ ಜಾತಿಯದ್ದೇ ಆದ್ರೆ ಶಕ್ತಿ ತುಂಬಾ ಜಾಸ್ತಿ. ಅದನ್ನ ಅಳೆಯೋ ಮಾನ ಗ್ರೇ. ಲೂಯಿಸ್ ಹೆರಾಲ್ಡ್ ಗ್ರೇ ಅನ್ನೋ ಬ್ರಿಟಿಷ್ ವಿಜ್ಞಾನಿ ಹೆಸರದು. 1 ಗ್ರೇ ಅಂದ್ರೆ ಒಂದು ಕೆಜಿ ಭಾಗಕ್ಕೆ ಒಂದು ಜೌಲ್ ಶಕ್ತಿ, ಇದು ಎಷ್ಟು ಕಮ್ಮಿ ಅಂದ್ರೆ ಒಂದು ಕೆಜಿ ನೀರಿಗೆ ಅಷ್ಟು ಶಕ್ತಿ ಕೊಟ್ರೆ ಅದರ ಬಿಸಿ ಒಂದು ಡಿಗ್ರಿಯನ್ನ ನಾಲ್ಕು ಸಾವಿರ ಪಾಲು ಮಾಡಿದ್ರೆ ಅದ್ರಲ್ಲಿ ಒಂದು ಪಾಲು ಏರ್ಬೋದು ಅಷ್ಟೆ. ಇಡೀ ಮೈಗೆ ಒಂದೇ ಸಲ 4 ಗ್ರೇ ಬಿದ್ದು ಚಿಕಿತ್ಸೆ ಸಿಗದೇ ಹೋದ್ರೆ ಸುಮಾರು ಅರ್ಧದಷ್ಟು ಜನ ಉಳಿಯೋದಿಲ್ಲ, ಆದ್ರೆ ಶಾಖದ ಲೆಕ್ಕದಲ್ಲಿ ಅದು ಒಂದು ಸಣ್ಣ ಗುಟುಕು ಬಿಸಿ ಕಾಫಿಯಲ್ಲಿ ಇರೋವಷ್ಟೇ. ಇದನ್ನ ಓದಿದಾಗ ನಾನು ಎರಡೆರಡು ಸಲ ಲೆಕ್ಕ ಮಾಡಿ ನೋಡಿದೆ, ಸರಿಯಾಗೇ ಇದೆ.

ಹಾಗಾದ್ರೆ ಇಷ್ಟು ಕಮ್ಮಿ ಶಕ್ತಿ ಕ್ಯಾನ್ಸರ್ ಕೋಶಾನ ಹೇಗೆ ಕೊಲ್ಲತ್ತೆ ಅಂದ್ರೆ, ಶಾಖದ ಥರ ಎಲ್ಲಾ ಕಡೆ ಹರಡಿಕೊಳ್ಳದೆ ಅದು ಎಲ್ಲೆಲ್ಲಿ ಬೀಳತ್ತೋ ಆ ಸಣ್ಣ ಸಣ್ಣ ಜಾಗದಲ್ಲಿ ಪೂರ್ತಿ ಏಟು ಕೊಡತ್ತೆ. ಕೋಶದ ಒಳಗಿರೋ ನೀರು ಒಡೆದು ಅದ್ರಿಂದ ಹುಟ್ಟೋ ಚೂರುಗಳು ಡಿಎನ್ಎನ ಕತ್ತರಿಸ್ತವೆ, ಕೆಲವು ಸಲ ಕಿರಣವೇ ನೇರವಾಗಿ ಕತ್ತರಿಸತ್ತೆ. ಡಿಎನ್ಎ ಎರಡು ಎಳೆ ಹೊಸೆದ ಹಗ್ಗ ತಾನೇ, ಒಂದು ಗ್ರೇ ಬಿದ್ರೆ ಒಂದೊಂದು ಕೋಶದಲ್ಲೂ ಸುಮಾರು ಸಾವಿರ ಕಡೆ ಒಂದೆಳೆ ಹರಿಯತ್ತೆ, ಅದು ದೊಡ್ಡ ವಿಷಯ ಅಲ್ಲ, ಇನ್ನೊಂದು ಎಳೆ ನೋಡ್ಕೊಂಡು ಕೋಶ ಅದನ್ನ ಸರಿ ಮಾಡ್ಕೊಳ್ಳತ್ತೆ. ಆದ್ರೆ ಸುಮಾರು 40 ಕಡೆ ಎರಡೂ ಎಳೆ ಒಟ್ಟಿಗೆ ತುಂಡಾಗತ್ತೆ. ಅದನ್ನ ಜೋಡಿಸೋದು ಕಷ್ಟ, ತಪ್ಪು ತಪ್ಪಾಗಿ ಜೋಡಿಸ್ಕೊಂಡ ಕೋಶ ತಾನು ಎರಡಾಗೋಕೆ ಹೋದಾಗ ಸಾಯತ್ತೆ. ಅದಕ್ಕೇ ರೇಡಿಯೇಷನ್ ಕೊಟ್ಟ ದಿನ ಏನೂ ಆಗಲ್ಲ, ಗಡ್ಡೆ ಕರಗೋದೂ ನಿಧಾನ, ಚರ್ಮ ಕಪ್ಪಾಗೋದೂ ಎರಡು ಮೂರು ವಾರ ಆದ್ಮೇಲೆ. ಚರ್ಮ ಕಪ್ಪಾಗಿದ್ದನ್ನ ನೋಡಿ ಸುಟ್ಟಿದೆ ಅಂತಾರೆ ಜನ, ಅಲ್ಲಿ ನಡೆದಿರೋದು ಹಳೇ ಚರ್ಮ ಉದುರಿ ಹೊಸ ಚರ್ಮ ಹುಟ್ಟೋ ಕೆಲಸ ಕುಂಟ್ತಾ ಇರೋದು. ಇನ್ನೊಂದು ಮಾತು, ಹೊರಗಿಂದ ಮೆಷಿನ್‌ನಲ್ಲಿ ರೇಡಿಯೇಷನ್ ತಗೊಂಡವರ ಮೈಯಲ್ಲಿ ಏನೂ ಉಳ್ಕೊಳ್ಳಲ್ಲ, ಮೆಷಿನ್ ಆಫ್ ಆದ ಕ್ಷಣ ಕಿರಣ ಮುಗೀತು. ದೊಡ್ಡಮ್ಮ ಮೊದಲ ವಾರ ಮೊಮ್ಮಗುನ ಎತ್ಕೊಳ್ಳೋಕೆ ಹೆದರ್ತಿದ್ರು, ಯಾರೋ ಹೇಳಿದ್ರಂತೆ. ಅದು ನೋಡಿ ನನಗೆ ಹೊಟ್ಟೆ ಉರೀತು, ಆಗ ತಾನೇ ಅವರಿಗೆ ಮಗು ಹತ್ರ ಇರ್ಬೇಕಾಗಿದ್ದಿದ್ದು.

ಈಗ ಅಸಲಿ ವಿಷಯ. ಕಿರಣಕ್ಕೆ ಒಳ್ಳೇ ಕೋಶ, ಕ್ಯಾನ್ಸರ್ ಕೋಶ ಅನ್ನೋ ಭೇದ ಇಲ್ಲ, ದಾರಿಯಲ್ಲಿ ಸಿಕ್ಕಿದ್ದನ್ನೆಲ್ಲಾ ಹೊಡೆಯತ್ತೆ. ರಾಂಟ್ಜೆನ್ ಎಕ್ಸ್-ರೇ ಕಂಡುಹಿಡಿದಿದ್ದು 1895ರ ನವೆಂಬರ್, ಮಾರನೇ ವರ್ಷಾನೇ ಫ್ರಾನ್ಸಿನ ಲಿಯೋನ್‌ನಲ್ಲಿ ವಿಕ್ಟರ್ ದೆಸ್ಪೆನ್ ಅನ್ನೋ ಡಾಕ್ಟ್ರು ಹೊಟ್ಟೆ ಕ್ಯಾನ್ಸರ್ ರೋಗಿಗೆ ಅದನ್ನ ಪ್ರಯೋಗಿಸಿ ನೋಡಿದ್ರು. ಆ ಕಾಲದಲ್ಲಿ ತುಂಬಾ ಜನ ಡಾಕ್ಟ್ರುಗಳ ಯೋಚನೆ ಆಪರೇಷನ್ ಥರ, ಒಂದೇ ಸಲ ಎಷ್ಟು ಆಗತ್ತೋ ಅಷ್ಟು ಕೊಟ್ಟು ಗಡ್ಡೆ ಸುಟ್ಟುಬಿಡೋಣ ಅನ್ನೋದು. ಗಡ್ಡೆ ಕರಗ್ತಿತ್ತು, ಜೊತೆಗೆ ಸುತ್ತಲಿನ ಚರ್ಮ ಮಾಂಸ ಎಲ್ಲಾ ಕೊಳೀತಿತ್ತು.

ಇದಕ್ಕೆ ದಾರಿ ತೋರಿಸಿದ್ದು ಟಗರು. ಪ್ಯಾರಿಸ್‌ನ ರೇಡಿಯಂ ಇನ್‌ಸ್ಟಿಟ್ಯೂಟ್‌ನಲ್ಲಿ ಕ್ಲೋಡ್ ರೆಗೋ ಅಂತ ಒಬ್ರು 1920ರ ದಶಕದಲ್ಲಿ ಟಗರಿನ ಬೀಜದ ಮೇಲೆ ಪ್ರಯೋಗ ಮಾಡಿದ್ರು. ಒಂದೇ ಸಲಕ್ಕೆ ಡೋಸ್ ಕೊಟ್ಟು ಟಗರನ್ನ ಸಂತಾನ ಆಗದ ಹಾಗೆ ಮಾಡೋಕೆ ಹೋದ್ರೆ ಮೇಲಿನ ಚರ್ಮ ಪೂರ್ತಿ ಹಾಳಾಗ್ತಿತ್ತು, ಅದೇ ಡೋಸನ್ನ ತುಂಡು ತುಂಡು ಮಾಡಿ ಸುಮಾರು ದಿನ ಹರಡಿ ಕೊಟ್ರೆ ಬೀಜದ ಕೆಲಸ ನಿಲ್ತಿತ್ತು ಆದ್ರೆ ಚರ್ಮ ಉಳೀತಿತ್ತು. ಬೀಜದೊಳಗೆ ಕೋಶಗಳು ಎಡೆಬಿಡದೆ ಹುಟ್ತಾ ಇರ್ತವೆ, ಅದು ಗಡ್ಡೆಗೆ ಹೋಲಿಕೆ, ಮೇಲಿನ ಚರ್ಮ ಒಳ್ಳೇ ಭಾಗಕ್ಕೆ ಹೋಲಿಕೆ ಅಂತ ಅವರ ಲೆಕ್ಕ. ಈ ಹೋಲಿಕೆ ಪೂರ್ತಿ ಸರಿ ಅಲ್ಲ ಅಂತ ಆಮೇಲಿನವರು ಹೇಳಿದಾರೆ, ಆದ್ರೆ ಅದರಿಂದ ಹೊರಟ ದಾರಿ ಮಾತ್ರ ಸರಿಯಾಗೇ ಇತ್ತು. ಅಲ್ಲೇ ಇದ್ದ ಆನ್ರಿ ಕುಟಾರ್ ಅನ್ನೋ ಡಾಕ್ಟ್ರು ಇದನ್ನ ಗಂಟಲು ಕ್ಯಾನ್ಸರ್ ರೋಗಿಗಳಿಗೆ ವಾರಗಟ್ಟಲೆ ದಿನಾ ಸ್ವಲ್ಪ ಸ್ವಲ್ಪ ಕೊಟ್ಟು, ಆಪರೇಷನ್ ಇಲ್ದೇನೇ ಕೆಲವರನ್ನ ಗುಣ ಮಾಡಿ ತೋರಿಸಿದ್ರು. ಇವತ್ತು ನಾವು ಸಿಟ್ಟಿಂಗ್ ಅಂತೀವಲ್ಲ, ಆಸ್ಪತ್ರೆಯವರು ಫ್ರಾಕ್ಷನ್ ಅಂತಾರಲ್ಲ, ಅದು ಬಂದಿದ್ದು ಇಲ್ಲಿಂದ.

ತುಂಡು ಮಾಡಿದ್ರೆ ಯಾಕೆ ಒಳ್ಳೇ ಭಾಗ ಉಳಿಯತ್ತೆ ಅಂತ ದೊಡ್ಡಮ್ಮಂಗೆ ನಾನು ಹೇಳಿದ್ದು ಮಳೆ ಲೆಕ್ಕದಲ್ಲಿ. ಒಂದೇ ಬೀದಿಯಲ್ಲಿ ಎರಡು ಹೆಂಚಿನ ಮನೆ ಇದಾವೆ ಅಂದ್ಕೊಳ್ಳಿ. ಒಂದು ಮನೆಯವರು ಜೋಪಾನ, ಮಳೆ ನಿಂತ ತಕ್ಷಣ ಸೂರು ಹತ್ತಿ ಒಡೆದ ಹೆಂಚು ಬದಲಾಯಿಸ್ತಾರೆ. ಇನ್ನೊಂದು ಮನೆಯವರಿಗೆ ಮನೆ ದೊಡ್ಡದು ಮಾಡೋದೇ ಚಿಂತೆ, ಸೋರೋ ಕಡೆ ತಿರುಗಿ ನೋಡಲ್ಲ. ದಿನಾ ಒಂದೊಂದು ಗಂಟೆ ಮಳೆ ಬಂದು ನಿಂತ್ರೆ ತಿಂಗಳ ಕೊನೆಗೆ ಜೋಪಾನದ ಮನೆ ನಿಂತಿರತ್ತೆ, ಇನ್ನೊಂದು ಕುಸಿದಿರತ್ತೆ. ಅದೇ ತಿಂಗಳ ಮಳೆಯೆಲ್ಲಾ ಒಂದೇ ರಾತ್ರಿ ಸುರಿದ್ರೆ ಎರಡೂ ಮನೆ ಹೋಗತ್ತೆ, ಯಾಕಂದ್ರೆ ಸೂರು ಹತ್ತೋಕೆ ಸಮಯಾನೇ ಸಿಗಲ್ಲ. ಒಳ್ಳೇ ಕೋಶಕ್ಕೆ ಆ ರಿಪೇರಿಗೆ ಕಡಿಮೆ ಅಂದ್ರೂ ಆರು ಗಂಟೆ ಬೇಕು, ಅದಕ್ಕೇ ಕೆಲವು ಕಾಯಿಲೆಗೆ ದಿನಕ್ಕೆ ಎರಡು ಸಲ ಕೊಡುವಾಗಲೂ ಮಧ್ಯೆ ಆರು ಗಂಟೆ ಬಿಡ್ತಾರೆ.

ರಿಪೇರಿ ಒಂದೇ ಅಲ್ಲ. ರಾಡ್ನಿ ವಿದರ್ಸ್ ಅನ್ನೋ ವಿಜ್ಞಾನಿ 1975ರಲ್ಲಿ ಇದನ್ನೆಲ್ಲಾ ನಾಲ್ಕು ಕಾರಣ ಅಂತ ಒಟ್ಟು ಹಾಕಿದ್ರು. ಅದ್ರಲ್ಲಿ ನನಗೆ ತುಂಬಾ ಹಿಡಿಸಿದ್ದು ಆಕ್ಸಿಜನ್ ಕಥೆ. ಗಡ್ಡೆ ಬೇಗ ಬೇಗ ಬೆಳೆಯತ್ತೆ, ಆ ವೇಗಕ್ಕೆ ರಕ್ತನಾಳ ಬೆಳೆಯಲ್ಲ, ಹಾಗಾಗಿ ನಾಳದಿಂದ ದೂರ ಇರೋ ಕೋಶಗಳಿಗೆ ಆಕ್ಸಿಜನ್ ಸಿಗಲ್ಲ. ದೂರ ಅಂದ್ರೆ ಎಷ್ಟು, ಮಿಲಿಮೀಟರ್‌ನ ಆರನೇ ಒಂದು ಭಾಗ ಅಷ್ಟೆ. ಇದನ್ನ ಮೇಲೆ ಹೇಳಿದ ಗ್ರೇ ಮತ್ತೆ ಅವರ ಜೊತೆಗಾರ ಥಾಮ್ಲಿನ್‌ಸನ್ 1955ರಲ್ಲಿ ತೋರಿಸಿದ್ರು. ಆಕ್ಸಿಜನ್ ಇಲ್ಲದ ಕೋಶ ಸಾಯೋಕೆ ಹತ್ರ ಹತ್ರ ಮೂರು ಪಟ್ಟು ಡೋಸ್ ಬೇಕು. ಒಂದೇ ಸಲ ಕೊಟ್ರೆ ಅವು ಬದುಕ್ಕೋತವೆ, ದಿನಾ ಕೊಟ್ರೆ ಇವತ್ತು ನಾಳದ ಪಕ್ಕದವು ಸತ್ತು ನಾಳೆಗೆ ಒಳಗಿನವಕ್ಕೆ ಆಕ್ಸಿಜನ್ ತಲುಪತ್ತೆ, ಆಗ ಅವೂ ಏಟಿಗೆ ಸಿಗ್ತವೆ. ರೇಡಿಯೇಷನ್ ನಡೀತಿರುವಾಗ ಡಾಕ್ಟ್ರು ಮತ್ತೆ ಮತ್ತೆ ರಕ್ತ ಪರೀಕ್ಷೆ ಬರೆದ್ರೆ ಬೇಜಾರು ಮಾಡ್ಕೋಬೇಡಿ, ರಕ್ತದಲ್ಲಿ ಆಕ್ಸಿಜನ್ ಹೊರೋ ಹಿಮೋಗ್ಲೋಬಿನ್ ತೀರಾ ಕಮ್ಮಿ ಇರೋರಲ್ಲಿ, ಅದ್ರಲ್ಲೂ ಗರ್ಭಕೊರಳಿನ ಕ್ಯಾನ್ಸರ್ ಇರೋರಲ್ಲಿ ಫಲಿತಾಂಶ ಅಷ್ಟು ಚೆನ್ನಾಗಿರಲ್ಲ ಅಂತ ಎಷ್ಟೋ ಕಡೆ ಕಂಡಿದೆ.

ಇದೆಲ್ಲಾ ಸೇರಿ ದಿನಕ್ಕೆ 2 ಗ್ರೇ, ವಾರಕ್ಕೆ ಐದು ದಿನ ಅನ್ನೋದು ಪ್ರಪಂಚದ ತುಂಬಾ ಕಡೆ ರೂಢಿ ಆಯ್ತು. ಎದೆ ಕ್ಯಾನ್ಸರ್‌ಗೆ 25 ದಿನ, ಒಟ್ಟು 50 ಗ್ರೇ. ದೊಡ್ಡಮ್ಮನ ಓರಗಿತ್ತಿಗೆ ಕೊಟ್ಟಿದ್ದು ಇದೇ ಲೆಕ್ಕ.

ಮಧ್ಯೆ ಒಂದು ಕೆಟ್ಟ ಅನುಭವಾನೂ ಆಯ್ತು, ಅದನ್ನ ಮುಚ್ಚಿಡಬಾರದು. 1960, 70ರ ದಶಕದಲ್ಲಿ ಕೆಲವು ಕಡೆ ದಿನ ಕಮ್ಮಿ ಮಾಡಿ ಒಂದೊಂದು ಸಲದ ಡೋಸ್ ಜಾಸ್ತಿ ಮಾಡಿದ್ರು, ಆದ್ರೆ ಒಟ್ಟು ಡೋಸನ್ನ ಬೇಕಾದಷ್ಟು ಇಳಿಸಲಿಲ್ಲ. ಆಗ ಅವರು ನೋಡಿದ್ದು ಚರ್ಮ ಹೇಗಿದೆ ಅಂತ. ಚರ್ಮ ಚೆನ್ನಾಗೇ ಇತ್ತು, ಸರಿ ಅಂದ್ಕೊಂಡ್ರು. ನಾಲ್ಕೈದು ವರ್ಷ, ಇನ್ನೂ ಜಾಸ್ತಿ ಕಳೆದ ಮೇಲೆ ಆ ಹೆಂಗಸರಲ್ಲಿ ಎದೆ ಗಟ್ಟಿ ಆಗೋದು, ಭುಜ ಎತ್ತೋಕೆ ಆಗದೇ ಇರೋದು, ಕೈಗೆ ಹೋಗೋ ನರ ಹಾಳಾಗಿ ಕೈ ಸ್ವಾಧೀನವೇ ತಪ್ಪೋದು ಶುರುವಾಯ್ತು. ಬ್ರಿಟನ್‌ನಲ್ಲಿ ಹೀಗೆ ಕೈ ಸ್ವಾಧೀನ ಕಳ್ಕೊಂಡ ಹೆಂಗಸರು ಒಟ್ಟಾಗಿ ಸಂಘ ಕಟ್ಟಿ ನ್ಯಾಯ ಕೇಳಿದ್ರು. ಇದ್ರಿಂದ ವಿಜ್ಞಾನಿಗಳು ಕಲಿತಿದ್ದು, ಚರ್ಮ, ಬಾಯಿಯ ಒಳಪದರ ಇಂಥವು ಬೇಗ ತೊಂದರೆ ತೋರಿಸ್ತವೆ, ನರ, ಸ್ನಾಯು, ರಕ್ತನಾಳ ಇವು ವರ್ಷಗಳ ನಂತರ ತೋರಿಸ್ತವೆ, ಮತ್ತೆ ಈ ನಿಧಾನದ ಭಾಗಗಳಿಗೆ ದಿನದ ಡೋಸ್ ದೊಡ್ಡದಾದಷ್ಟೂ ಪೆಟ್ಟು ಜಾಸ್ತಿ. ಅಂದ್ರೆ 2 ಗ್ರೇ ಬದಲು 4 ಗ್ರೇ ಕೊಟ್ರೆ ಅವಕ್ಕೆ ಆಗೋ ಹಾನಿ ಎರಡು ಪಟ್ಟಲ್ಲ, ಅದಕ್ಕಿಂತ ತುಂಬಾ ಜಾಸ್ತಿ. ಜೋಪಾನದ ಮನೆ ನಮ್ಮ ಮಳೆ ಕಥೆಯಲ್ಲಿ ಇವೇ. ಈ ಭಯ ಎಷ್ಟು ಆಳಕ್ಕೆ ಇಳೀತು ಅಂದ್ರೆ ಆಮೇಲೆ ದಶಕಗಟ್ಟಲೆ ತುಂಬಾ ಡಾಕ್ಟ್ರುಗಳು ದಿನ ಕಮ್ಮಿ ಮಾಡೋ ಮಾತೇ ಎತ್ತಲಿಲ್ಲ, ಅದು ತಪ್ಪು ಅಂತ ನನಗೆ ಅನ್ಸಲ್ಲ.

ಆದ್ರೆ ಬ್ರಿಟನ್‌ನಲ್ಲೇ ಕೆಲವರಿಗೆ, ಅವರಲ್ಲಿ ಮುಖ್ಯವಾಗಿ ಜಾನ್ ಯಾರ್ನೋಲ್ಡ್ ಅನ್ನೋ ಡಾಕ್ಟ್ರಿಗೆ, ಒಂದು ಅನುಮಾನ ಇತ್ತು. ಹೆಚ್ಚಿನ ಗಡ್ಡೆಗಳು ಎರಡನೇ ಮನೆ ಥರ, ರಿಪೇರಿ ಕಡೆ ಗಮನ ಇಲ್ಲ ಸರಿ, ಎದೆ ಕ್ಯಾನ್ಸರ್ ಕೋಶಾನೂ ಹಾಗೇನಾ? ಅಥವಾ ಅದೂ ಮೊದಲನೇ ಮನೆಯವರ ಹಾಗೆ ರಾತ್ರೋರಾತ್ರಿ ಹೆಂಚು ಸರಿ ಮಾಡ್ಕೊಳ್ಳೋ ಜಾತಿನಾ? ಹಾಗೇನಾದ್ರೂ ಇದ್ರೆ ದಿನಾ ಸಣ್ಣ ಸಣ್ಣ ಡೋಸ್ ಕೊಟ್ಟು ನಾವು ಶತ್ರುಗೂ ರಿಪೇರಿಗೆ ಅವಕಾಶ ಮಾಡಿಕೊಡ್ತಾ ಇದೀವಿ, ಅದ್ರ ಬದಲು ದಿನದ ಡೋಸ್ ಸ್ವಲ್ಪ ಏರಿಸಿ, ಒಟ್ಟು ಡೋಸನ್ನ ಲೆಕ್ಕ ಹಾಕಿ ಇಳಿಸಿದ್ರೆ ಒಳ್ಳೇ ಭಾಗಕ್ಕೂ ಜಾಸ್ತಿ ತೊಂದರೆ ಇಲ್ಲ, ಕ್ಯಾನ್ಸರ್‌ಗೂ ಅಷ್ಟೇ ಏಟು ಬೀಳತ್ತೆ. ಹಿಂದಿನವರು ತಪ್ಪಿದ್ದು ಆ ಒಟ್ಟು ಡೋಸ್ ಇಳಿಸೋ ಜಾಗದಲ್ಲೇ.

1986ರಲ್ಲಿ ಇದರ ಮೊದಲ ಪರೀಕ್ಷೆ ಶುರುವಾಯ್ತು, 1,410 ಹೆಂಗಸರ ಮೇಲೆ. ಆಮೇಲೆ 1999ರಿಂದ 2002ರ ತನಕ ಸ್ಟಾರ್ಟ್ ಅನ್ನೋ ಹೆಸರಲ್ಲಿ ಎರಡು ದೊಡ್ಡ ಟ್ರಯಲ್, ಎರಡೂ ಸೇರಿ 4,451 ಜನ. ಅದ್ರಲ್ಲಿ ಎರಡನೇದು ನಮ್ಮ ಪ್ರಶ್ನೆಗೆ ನೇರ ಉತ್ತರ. ಅರ್ಧ ಜನಕ್ಕೆ 25 ದಿನಕ್ಕೆ 50 ಗ್ರೇ, ಇನ್ನರ್ಧ ಜನಕ್ಕೆ 15 ದಿನಕ್ಕೆ 40 ಗ್ರೇ. ಹತ್ತು ವರ್ಷ ಆದ್ಮೇಲೆ, ಅಂದ್ರೆ 2013ರಲ್ಲಿ ಬಂದ ಲೆಕ್ಕದಲ್ಲಿ, ಅದೇ ಜಾಗದಲ್ಲಿ ಅಥವಾ ಪಕ್ಕದಲ್ಲಿ ಕ್ಯಾನ್ಸರ್ ವಾಪಸ್ ಬಂದಿದ್ದು 25 ದಿನದ ಗುಂಪಲ್ಲಿ ನೂರಕ್ಕೆ 5.5, 15 ದಿನದ ಗುಂಪಲ್ಲಿ 4.3. ಎದೆ ಸುಕ್ಕೋದು, ಊತ, ಚರ್ಮದಲ್ಲಿ ಕೆಂಪು ನಾಳ ಕಾಣೋದು ಇವೂ 15 ದಿನದವರಲ್ಲಿ ಕಮ್ಮಿ. ಕೆನಡಾದಲ್ಲಿ 1,234 ಹೆಂಗಸರ ಮೇಲೆ 16 ದಿನದ ಲೆಕ್ಕ ಇಟ್ಟು ಮಾಡಿದ ಬೇರೆ ಟ್ರಯಲ್‌ನಲ್ಲೂ ಹತ್ತು ವರ್ಷದ ನಂತರ ಎರಡು ಗುಂಪಿಗೂ ವ್ಯತ್ಯಾಸ ಇರ್ಲಿಲ್ಲ. ಅಂದ್ರೆ ದೊಡ್ಡಮ್ಮನ 15 ದಿನ ಕಮ್ಮಿ ಚಿಕಿತ್ಸೆ ಅಲ್ಲವೇ ಅಲ್ಲ, ದಿನಕ್ಕೆ 2 ಗ್ರೇ ಇದ್ದದ್ದು ಅವರಿಗೆ ಸುಮಾರು 2.67 ಗ್ರೇ. ಇದನ್ನ ಅವರಿಗೆ ಹೇಳಿದಾಗ "ಹಂಗಾರೆ ದಿನಾ ಒಂದು ಹಿಡಿ ಜಾಸ್ತಿ ಹಾಕ್ತಾರೆ ಅನ್ನು" ಅಂದ್ರು, ಇದಕ್ಕಿಂತ ಚೆನ್ನಾಗಿ ನನಗೂ ಹೇಳೋಕೆ ಬರಲ್ಲ.

ಅಲ್ಲಿಗೆ ನಿಲ್ಲಿಸಲಿಲ್ಲ ಬ್ರಿಟನ್‌ನವರು. 2011ರಿಂದ 2014ರ ತನಕ ಬ್ರಿಟನ್‌ನ 97 ಆಸ್ಪತ್ರೆಗಳಲ್ಲಿ 4,096 ಜನರನ್ನ ಸೇರಿಸ್ಕೊಂಡು ಫಾಸ್ಟ್-ಫಾರ್ವರ್ಡ್ ಅನ್ನೋ ಟ್ರಯಲ್ ಮಾಡಿದ್ರು. ಈ ಸಲ ಒಂದು ಗುಂಪಿಗೆ ಮೂರು ವಾರದ 40 ಗ್ರೇ, ಎರಡನೇ ಗುಂಪಿಗೆ ಒಂದೇ ವಾರದಲ್ಲಿ, ಐದೇ ಸಿಟ್ಟಿಂಗ್‌ನಲ್ಲಿ 27 ಗ್ರೇ, ಮೂರನೇ ಗುಂಪಿಗೆ ಅದೇ ಐದು ದಿನ ಆದ್ರೆ 26 ಗ್ರೇ. ಐದು ವರ್ಷದಲ್ಲಿ ಕ್ಯಾನ್ಸರ್ ಅದೇ ಎದೆಯಲ್ಲಿ ವಾಪಸ್ ಬಂದಿದ್ದು ಕ್ರಮವಾಗಿ ನೂರಕ್ಕೆ 2.1, 1.7, 1.4. ನನಗೆ ಇದಕ್ಕಿಂತ ಆಶ್ಚರ್ಯ ಆಗಿದ್ದು ಆ 27, 26ರ ನಡುವಿನ ವ್ಯತ್ಯಾಸ. ಡಾಕ್ಟ್ರು ಪರೀಕ್ಷೆ ಮಾಡಿದಾಗ ಎದೆಯಲ್ಲಿ ಕಣ್ಣಿಗೆ ಕಾಣೋವಷ್ಟು ತೊಂದರೆ ಇದ್ದದ್ದು 27 ಗ್ರೇ ತಗೊಂಡವರಲ್ಲಿ ನೂರಕ್ಕೆ 15.4, 26 ತಗೊಂಡವರಲ್ಲಿ 11.9, ಮೂರು ವಾರದವರಲ್ಲಿ 9.9. ಬರೀ 1 ಗ್ರೇ, ಆ ಕಾಫಿ ಲೆಕ್ಕದಲ್ಲಿ ಏನೂ ಅಲ್ಲದ್ದು, ಮನುಷ್ಯರ ಮೈಯಲ್ಲಿ ಐದು ವರ್ಷ ಆದ್ಮೇಲೆ ಇಷ್ಟು ಸ್ಪಷ್ಟವಾಗಿ ಕಾಣತ್ತೆ. ಇದನ್ನ ಯಾವ ಕಂಪ್ಯೂಟರ್ ಲೆಕ್ಕದಿಂದಲೂ ಇಷ್ಟು ಖಚಿತವಾಗಿ ಹೇಳೋಕೆ ಆಗ್ತಿರ್ಲಿಲ್ಲ, ಜನರನ್ನೇ ವರ್ಷಗಟ್ಟಲೆ ನೋಡಬೇಕಿತ್ತು. ಈ ಫಲಿತಾಂಶ ಪ್ರಕಟ ಆಗಿದ್ದು 2020ರಲ್ಲಿ, ಸರಿಯಾಗಿ ಕೋವಿಡ್ ಹೊತ್ತಲ್ಲಿ, ಆಸ್ಪತ್ರೆಗೆ ಜನ ಎಷ್ಟು ಕಮ್ಮಿ ಸಲ ಬಂದ್ರೆ ಅಷ್ಟು ಒಳ್ಳೇದು ಅನ್ನೋ ಕಾಲ, ಹಾಗಾಗಿ ತುಂಬಾ ದೇಶಗಳಲ್ಲಿ ಬೇಗ ಬಳಕೆಗೆ ಬಂತು.

ಇದು ನಮ್ಮ ರಾಜ್ಯದವರಿಗೆ ಯಾಕೆ ಇಷ್ಟು ಮುಖ್ಯ ಅನ್ನೋದನ್ನ ವೇಟಿಂಗ್ ಹಾಲಲ್ಲಿ ಅರ್ಧ ದಿನ ಕೂತವರಿಗೆ ಬಿಡಿಸಿ ಹೇಳ್ಬೇಕಾಗಿಲ್ಲ. ಬೀದರ್, ರಾಯಚೂರು, ಕೊಪ್ಪಳದಿಂದ ಬೆಂಗಳೂರಿಗೆ ಬಂದು ರೂಮ್ ಮಾಡಿ ಇರ್ತಾರೆ, ರೂಮ್ ಸಿಗದೇ ಇದ್ದವರು ಆಸ್ಪತ್ರೆ ಕಾರಿಡಾರಲ್ಲೇ ಚಾಪೆ ಹಾಸ್ತಾರೆ. ಚಿಕಿತ್ಸೆ ಫ್ರೀ ಆದ್ರೂ ಊಟ, ಬಾಡಿಗೆ, ಜೊತೆಗೆ ಬಂದವರ ಕೂಲಿ ಹೋಗೋದು ಇದಕ್ಕೆಲ್ಲಾ ಯಾವ ಕಾರ್ಡೂ ಇಲ್ಲ. ಐದು ವಾರ ಒಂದು ವಾರ ಆದ್ರೆ ಒಂದು ಹಸು ಮಾರೋದು ತಪ್ಪತ್ತೆ. ಇನ್ನೊಂದು ಕಡೆಯಿಂದ ನೋಡಿ, ಭಾರತದಲ್ಲಿ ವರ್ಷಕ್ಕೆ 14 ಲಕ್ಷ ಹೊಸ ಕ್ಯಾನ್ಸರ್ ರೋಗಿಗಳು ಅನ್ನೋದು 2022ರ ಅಂದಾಜು, ಕ್ಯಾನ್ಸರ್ ಬಂದವರಲ್ಲಿ ಹತ್ರ ಹತ್ರ ಅರ್ಧ ಜನಕ್ಕೆ ಯಾವುದಾದ್ರೂ ಒಂದು ಹಂತದಲ್ಲಿ ರೇಡಿಯೇಷನ್ ಬೇಕಾಗತ್ತೆ, ಹತ್ತು ಲಕ್ಷ ಜನಕ್ಕೆ ಕಡಿಮೆ ಅಂದ್ರೂ ಒಂದು ಮೆಷಿನ್ ಇರ್ಬೇಕು ಅಂತಾರೆ, ನಮ್ಮಲ್ಲಿ ಅಷ್ಟಿಲ್ಲ. ಒಬ್ಬರಿಗೆ 25 ಸಲ ಬಳಸೋ ಮೆಷಿನ್‌ನಲ್ಲಿ ಐದೈದು ಸಲದ ಲೆಕ್ಕಕ್ಕೆ ಐದು ಜನಕ್ಕೆ ಕೊಡ್ಬೋದು. ಒಂದು ರೂಪಾಯಿ ಹೊಸ ಮೆಷಿನ್‌ಗೆ ಹಾಕದೆ ಕ್ಯೂ ಕಮ್ಮಿ ಆಗೋ ದಾರಿ ಇದು.

ಆದ್ರೆ ಇದನ್ನ ಓದಿ "ನಮ್ಮ ಯಜಮಾನ್ರಿಗೂ ಐದೇ ದಿನ ಕೊಡಿ" ಅಂತ ಹೋಗಬೇಡಿ, ಇಲ್ಲೇ ತುಂಬಾ ಜನ ಎಡವೋದು. ವೇಟಿಂಗ್ ಹಾಲಲ್ಲಿ ನಮಗೆ ಪರಿಚಯ ಆದ ಒಬ್ಬ ಅಕ್ಕನ ಗಂಡನಿಗೆ ಬಾಯಿ ಕ್ಯಾನ್ಸರ್, ಮುಖಕ್ಕೆ ಜಾಲರಿ ಥರದ ಮಾಸ್ಕ್ ಹಾಕಿ ಟೇಬಲ್‌ಗೆ ಬಿಗಿದು ಆರು ವಾರ, ದಿನಾ. ಬಾಯಿ ಒಳಗೆಲ್ಲಾ ಹುಣ್ಣಾಗಿ ಗಂಜಿ ಕೂಡ ಇಳೀತಿರ್ಲಿಲ್ಲ. ಆ ಅಕ್ಕ ಕೇಳಿದ್ರು, ನಿಮ್ಮವರಿಗೆ ಮೂರು ವಾರ, ನಮಗೆ ಯಾಕೆ ಇಷ್ಟು ಅಂತ. ಬಾಯಿ, ಗಂಟಲಿನ ಕ್ಯಾನ್ಸರ್ ನಮ್ಮ ಕಥೆಯ ಎರಡನೇ ಮನೆ, ರಿಪೇರಿ ಗೊತ್ತಿಲ್ಲ ಆದ್ರೆ ಬೆಳೆಯೋ ವೇಗ ಭಯಂಕರ. ಪಕ್ಕದಲ್ಲೇ ದವಡೆ ಮೂಳೆ, ಬೆನ್ನುಹುರಿ, ನುಂಗೋ ಸ್ನಾಯು ಇದಾವೆ, ಇವೆಲ್ಲಾ ನಿಧಾನವಾಗಿ ತೊಂದರೆ ತೋರಿಸೋ ಭಾಗಗಳು, ದಿನದ ಡೋಸ್ ದೊಡ್ಡದು ಮಾಡಿದ್ರೆ ಅವಕ್ಕೇ ಪೆಟ್ಟು. ಹಾಗಾಗಿ ಇಲ್ಲಿ ಸಣ್ಣ ಸಣ್ಣ ಡೋಸೇ ಸರಿ.

ಇನ್ನೊಂದು, ಇದನ್ನ ದಯವಿಟ್ಟು ಗಮನ ಇಟ್ಟು ಓದಿ. ವಿದರ್ಸ್ ಮತ್ತೆ ಅವರ ಜೊತೆಗಾರರು 1988ರಲ್ಲಿ ತೋರಿಸಿದ್ದು ಏನಂದ್ರೆ, ಚಿಕಿತ್ಸೆ ಶುರುವಾಗಿ ಸುಮಾರು ನಾಲ್ಕು ವಾರ ಆದ್ಮೇಲೆ ಈ ಗಡ್ಡೆಗಳಲ್ಲಿ ಉಳಿದಿರೋ ಕೋಶಗಳು ಮೊದಲಿಗಿಂತ ಬೇಗ ಬೇಗ ಹುಟ್ಟೋಕೆ ಶುರು ಮಾಡ್ತವೆ, ಆಮೇಲೆ ತಡ ಆಗೋ ಒಂದೊಂದು ದಿನಾನೂ ಸುಮಾರು 0.6 ಗ್ರೇ ಡೋಸನ್ನ ತಿಂದು ಹಾಕತ್ತೆ. ಸಿಟ್ಟಿಂಗ್ ನಂಬರ್ ಅಷ್ಟೇ ಇದ್ರೂ, ಒಟ್ಟು ದಿನ ಎಳೆದ್ರೆ ಚಿಕಿತ್ಸೆಯ ಬಲ ಇಳಿಯತ್ತೆ. ಇದನ್ನೇ ತಿರುಗಿಸಿ ಡೆನ್ಮಾರ್ಕ್‌ನವರು 1,485 ರೋಗಿಗಳ ಮೇಲೆ ನೋಡಿದ್ರು, ಅದೇ ಡೋಸ್, ಅಷ್ಟೇ ಸಿಟ್ಟಿಂಗ್, ಆದ್ರೆ ವಾರಕ್ಕೆ ಐದರ ಬದಲು ಆರು ಕೊಟ್ಟು ಒಂದು ವಾರ ಮೊದಲೇ ಮುಗಿಸಿದ್ರು. ಐದು ವರ್ಷ ಆದ್ಮೇಲೆ ಕಾಯಿಲೆ ಹತೋಟಿಯಲ್ಲಿ ಇದ್ದದ್ದು ಐದು ಸಲದವರಲ್ಲಿ ನೂರಕ್ಕೆ 60, ಆರು ಸಲದವರಲ್ಲಿ 70. ಔಷಧಿ ಇಲ್ಲ, ಹೊಸ ಮೆಷಿನ್ ಇಲ್ಲ, ಬರೀ ಕ್ಯಾಲೆಂಡರ್ ಬದಲಾಯಿಸಿದ್ದಕ್ಕೆ ನೂರಕ್ಕೆ ಹತ್ತು ಜನ. ಹಬ್ಬ ಇದೆ, ಕೊಯ್ಲು ಇದೆ, ತಂಗಿ ಮದುವೆ ಇದೆ ಅಂತ ಮಧ್ಯದಲ್ಲಿ ಒಂದು ವಾರ ಊರಿಗೆ ಹೋಗಿ ಬರೋರನ್ನ ನಾನು ಅಲ್ಲಿ ನೋಡಿದೆ, ಅವರಿಗೆ ಇದನ್ನ ಯಾರೂ ಬಿಡಿಸಿ ಹೇಳಿರಲ್ಲ. ರಜೆ ಹಾಕಿದ್ರೆ ಬಯ್ತಾರೆ ಅಂತ ಮಾತ್ರ ಗೊತ್ತು, ಯಾಕೆ ಅಂತ ಗೊತ್ತಿಲ್ಲ. ಹುಣ್ಣು ತಡೆಯೋಕೆ ಆಗ್ತಿಲ್ಲ ಅಂದ್ರೆ ಮನೇಲಿ ಕೂರೋದಲ್ಲ, ಡಾಕ್ಟ್ರಿಗೆ ಹೇಳ್ಬೇಕು, ನೋವಿಗೆ ಔಷಧಿ ಇದೆ, ಮೂಗಿನಿಂದ ಟ್ಯೂಬ್ ಹಾಕಿ ಊಟ ಕೊಡೋ ದಾರಿ ಇದೆ. ತಪ್ಪಿಸಿಕೊಳ್ಳಲೇಬೇಕಾದ ದಿನ ಬಂದ್ರೆ ಮೊದಲೇ ಹೇಳಿದ್ರೆ ಅದನ್ನ ಸರಿದೂಗಿಸೋ ಲೆಕ್ಕ ಫಿಸಿಸಿಸ್ಟ್‌ಗಳಿಗೆ ಗೊತ್ತು.

ಪ್ರಾಸ್ಟೇಟ್ ಕ್ಯಾನ್ಸರ್ ಇದಕ್ಕೆ ಪೂರ್ತಿ ಉಲ್ಟಾ, ಅದು ನಿಧಾನದ ಕಾಯಿಲೆ, ರಿಪೇರಿಯಲ್ಲಿ ಎದೆ ಕ್ಯಾನ್ಸರ್‌ಗಿಂತಲೂ ಜೋಪಾನ. ಅದಕ್ಕೆ 37 ದಿನದಿಂದ 20ಕ್ಕೆ ಇಳಿಸಿದ 3,216 ಜನರ ಟ್ರಯಲ್ 2016ರಲ್ಲಿ ಬಂತು, 2024ರಲ್ಲಿ ಐದೇ ಸಿಟ್ಟಿಂಗ್‌ದೂ ಬಂತು, ಅಷ್ಟಾಗಿ ಹರಡದ ಕಾಯಿಲೆಯಲ್ಲಿ ಫಲಿತಾಂಶ ಸಮಸಮ. ಮೂಳೆಗೆ ಹರಡಿ ನೋವಿರೋರಿಗೆ ಎಷ್ಟೋ ಸಲ 8 ಗ್ರೇನ ಒಂದೇ ಒಂದು ಸಿಟ್ಟಿಂಗ್ ಸಾಕಾಗತ್ತೆ, ನೋವು ಇಳಿಯೋದ್ರಲ್ಲಿ ತುಂಬಾ ದಿನ ಕೊಟ್ಟಷ್ಟೇ ಕೆಲಸ ಮಾಡತ್ತೆ, ಕೆಲವರಿಗೆ ಮುಂದೆ ಇನ್ನೊಂದ್ಸಲ ಬೇಕಾಗ್ಬೋದು ಅಷ್ಟೆ.

ಜಾಸ್ತಿ ಕೊಟ್ರೆ ಜಾಸ್ತಿ ಒಳ್ಳೇದು ಅನ್ನೋ ನಂಬಿಕೆಗೆ ಬಿದ್ದ ದೊಡ್ಡ ಪೆಟ್ಟು ಅಂದ್ರೆ ಅಮೆರಿಕಾದ ಶ್ವಾಸಕೋಶ ಕ್ಯಾನ್ಸರ್ ಟ್ರಯಲ್. 60 ಗ್ರೇ ಕೊಡ್ತಿದ್ದ ಕಡೆ 74 ಕೊಟ್ರೆ ಜನ ಜಾಸ್ತಿ ಬದುಕ್ತಾರೆ ಅಂತ ಎಲ್ರೂ ನಂಬಿದ್ರು. 2015ರಲ್ಲಿ ಫಲಿತಾಂಶ ಬಂದಾಗ 60ರ ಗುಂಪಲ್ಲಿ ಅರ್ಧ ಜನ 28.7 ತಿಂಗಳು ದಾಟಿದ್ರು, 74ರ ಗುಂಪಲ್ಲಿ ಅದು 20.3 ತಿಂಗಳು ಮಾತ್ರ. ಪರೀಕ್ಷೆ ಮಾಡದೆ ಇದ್ದಿದ್ರೆ ಇವತ್ತಿಗೂ ಒಳ್ಳೇ ಉದ್ದೇಶದಿಂದಲೇ ಜಾಸ್ತಿ ಡೋಸ್ ಕೊಡ್ತಾ ಇರ್ತಿದ್ರು.

ಮೆಷಿನ್ ವಿಷಯ ನಾನು ಕಮ್ಮಿ ಹೇಳಿದೆ, ಆದ್ರೆ ಗುರಿ ಸರಿ ಇಲ್ದೇ ದಿನದ ಡೋಸ್ ಏರಿಸೋಕೆ ಆಗಲ್ಲ ಅನ್ನೋದೂ ನಿಜ. ದೊಡ್ಡಮ್ಮನದು ಎಡಗಡೆ ಎದೆ, ಹಿಂದೆ ಹೃದಯ. ಸ್ವೀಡನ್, ಡೆನ್ಮಾರ್ಕ್‌ನ 2,168 ಹೆಂಗಸರ ಹಳೇ ದಾಖಲೆ ನೋಡಿ 2013ರಲ್ಲಿ ಹೇಳಿದ್ದು, ಹೃದಯಕ್ಕೆ ಬೀಳೋ ಸರಾಸರಿ ಡೋಸ್ ಒಂದೊಂದು ಗ್ರೇ ಏರಿದ ಹಾಗೂ ಹೃದಯಾಘಾತದಂಥ ತೊಂದರೆಗಳ ಪ್ರಮಾಣ ಇದ್ದದ್ದಕ್ಕಿಂತ ನೂರಕ್ಕೆ 7.4ರಷ್ಟು ಜಾಸ್ತಿ ಆಗತ್ತೆ ಅಂತ. ಅದಕ್ಕೇ ಅವರಿಗೆ ಉಸಿರು ಎಳೆದು ಹಿಡಿಯೋಕೆ ಕಲಿಸಿದ್ರು, ದೀರ್ಘವಾಗಿ ಉಸಿರು ಎಳೆದಾಗ ಶ್ವಾಸಕೋಶ ತುಂಬಿ ಹೃದಯ ಎದೆಗೂಡಿನಿಂದ ಸ್ವಲ್ಪ ದೂರ ಸರಿಯತ್ತೆ, ಆ ಹೊತ್ತಲ್ಲಿ ಮಾತ್ರ ಕಿರಣ ಬಿಡ್ತಾರೆ. ಮನೆಗೆ ಬಂದು ಗಡಿಯಾರ ನೋಡ್ಕೊಂಡು ಪ್ರಾಕ್ಟೀಸ್ ಮಾಡ್ತಿದ್ರು ದೊಡ್ಡಮ್ಮ, 20 ಸೆಕೆಂಡ್.

ನಮ್ಮ ದೇಶದಲ್ಲೇ ಆದ ಎರಡು ಕೆಲಸ ಹೇಳದೆ ಇರೋಕಾಗಲ್ಲ. ಮುಂಬೈನ ಟಾಟಾ ಮೆಮೋರಿಯಲ್‌ನವರು ಗರ್ಭಕೊರಳಿನ ಕ್ಯಾನ್ಸರ್ ಮುಂದುವರಿದ 850 ಹೆಂಗಸರಲ್ಲಿ ಬರೀ ರೇಡಿಯೇಷನ್ ಮತ್ತೆ ರೇಡಿಯೇಷನ್ ಜೊತೆ ವಾರಕ್ಕೊಂದು ಸಿಸ್‌ಪ್ಲಾಟಿನ್ ಕೀಮೋ ಹೋಲಿಸಿ ನೋಡಿದ್ರು. 2018ರಲ್ಲಿ ಪ್ರಕಟವಾದ ಲೆಕ್ಕದಲ್ಲಿ ಐದು ವರ್ಷ ಬದುಕಿದ್ದವರು ಬರೀ ರೇಡಿಯೇಷನ್‌ನಲ್ಲಿ ನೂರಕ್ಕೆ 46, ಎರಡೂ ಸೇರಿದಾಗ 54. ನಮ್ಮ ಆಸ್ಪತ್ರೆಗಳಿಗೆ ತಡವಾಗಿ ಬರೋ ಹೆಂಗಸರಲ್ಲೇ ಮಾಡಿದ ಪರೀಕ್ಷೆ ಇದು, ಅದಕ್ಕೇ ಇದರ ತೂಕ ಬೇರೆ. ಅವರದ್ದೇ ಇನ್ನೊಂದು, 300 ಹೆಂಗಸರ ಪಾರ್ಸರ್ ಅನ್ನೋ ಟ್ರಯಲ್. ಅದೇ ಗರ್ಭಕೊರಳಿನ ಕ್ಯಾನ್ಸರ್‌ಗೆ ಆಪರೇಷನ್ ಆದ್ಮೇಲೆ ಹಳೇ ರೀತಿ ರೇಡಿಯೇಷನ್ ಕೊಟ್ಟವರಲ್ಲಿ ಮೂರು ವರ್ಷದೊಳಗೆ ಕರುಳಿನ ತೊಂದರೆ ನೂರಕ್ಕೆ 42.4, ದಿನಾ ಸ್ಕ್ಯಾನ್ ನೋಡಿ ಕರುಳನ್ನ ತಪ್ಪಿಸಿ ಕೊಟ್ಟವರಲ್ಲಿ 21.1. ಕ್ಯಾನ್ಸರ್ ಗೆದ್ದು ಆಮೇಲೆ ಬಸ್ ಹತ್ತೋಕೂ ಹೆದರೋ ಹಾಗೆ ಭೇದಿ ಅನುಭವಿಸೋರ ಕಷ್ಟ ಗೊತ್ತಿದ್ದವರಿಗೆ ಈ ನಂಬರ್ ಅರ್ಥ ಆಗತ್ತೆ.

ಮುಂದೆ ಏನು ಅಂದ್ರೆ, ದಿನದಿಂದ ಈಗ ಸೆಕೆಂಡಿಗೆ ಬಂದಿದೆ. ಫ್ಲ್ಯಾಶ್ ಅಂತ ಒಂದಿದೆ, ಸೆಕೆಂಡಿಗೆ 40 ಗ್ರೇಗಿಂತ ಜಾಸ್ತಿ ವೇಗದಲ್ಲಿ, ಕಣ್ಣು ರೆಪ್ಪೆ ಬಡಿಯೋಷ್ಟರಲ್ಲಿ ಡೋಸ್ ಮುಗಿಸಿದ್ರೆ ಇಲಿಗಳಲ್ಲಿ ಗಡ್ಡೆಗೆ ಅಷ್ಟೇ ಏಟು ಬಿದ್ದು ಒಳ್ಳೇ ಶ್ವಾಸಕೋಶ ಉಳೀತು ಅಂತ 2014ರಲ್ಲಿ ಫ್ರಾನ್ಸ್‌ನವರು ತೋರಿಸಿದ್ರು. 2018ರಲ್ಲಿ ಸ್ವಿಟ್ಜರ್ಲೆಂಡ್‌ನ ಲೊಸಾನ್‌ನಲ್ಲಿ ಚರ್ಮದ ಗಡ್ಡೆ ಇದ್ದ ಒಬ್ರಿಗೆ 15 ಗ್ರೇನ 90 ಮಿಲಿಸೆಕೆಂಡಲ್ಲಿ ಕೊಟ್ರು, ಆಮೇಲೆ ಅಮೆರಿಕಾದಲ್ಲಿ ಮೂಳೆ ನೋವಿನ ಹತ್ತು ಜನರ ಮೇಲೆ ಸಣ್ಣ ಟ್ರಯಲ್ ಆಯ್ತು. ಆಸೆ ಹುಟ್ಟಿಸೋ ವಿಷಯಾನೇ, ಆದ್ರೆ 60ರ ದಶಕದ ಆ ಹೆಂಗಸರ ಕಥೆ ಓದಿದ ಮೇಲೆ ನನಗೆ ಅವಸರ ಇಲ್ಲ, ನಿಧಾನದ ತೊಂದರೆಗಳು ಕಾಣೋಕೆ ವರ್ಷಗಳು ಬೇಕು.

ಆ ಮಾತಿಗೇ ಬರ್ತೀನಿ. ಮೇಲೆ ಕೊಟ್ಟಿರೋ ಐದು ವರ್ಷ, ಹತ್ತು ವರ್ಷದ ನಂಬರ್‌ಗಳು ಇರೋದು ಆ ಹೆಂಗಸರು ಚೆನ್ನಾಗಿದ್ದಾಗಲೂ ವರ್ಷ ವರ್ಷ ಚೆಕಪ್‌ಗೆ ವಾಪಸ್ ಬಂದಿದ್ದಕ್ಕೆ. ನಮ್ಮಲ್ಲಿ ರೇಡಿಯೇಷನ್ ಮುಗಿದ ದಿನಾನೇ ಫೈಲ್ ಬೀರು ಸೇರತ್ತೆ. ದೊಡ್ಡಮ್ಮಂಗೆ ಎಡಗೈ, ಭುಜದ ಎಕ್ಸರ್‌ಸೈಜ್ ಬಿಡಬೇಡಿ, ಊತ ಬಂದ್ರೆ ಕಾಯಬೇಡಿ, ವರ್ಷಕ್ಕೊಂದು ಮ್ಯಾಮೋಗ್ರಾಮ್ ಮಾಡಿಸಿ ಅಂತ ಬರೆದುಕೊಟ್ಟಿದಾರೆ. ಮುಂದಿನ ಡೇಟ್ ದಸರಾ ಆದ್ಮೇಲೆ, ಅವರು ಚೆನ್ನಾಗಿದೀನಿ ಯಾಕೆ ಹೋಗ್ಬೇಕು ಅಂತಿದಾರೆ, ನಾನು ಆಗ್ಲೇ ರಜೆ ಹಾಕಿದೀನಿ.